ಮೆತ್ತಣ್ಣನ ಹೌದೌದು

ಆ ಬೀದಿಯಲ್ಲಿ ಹಳೆಯ ಸೋಫಾ, ಕುರ್ಚಿಗಳಿಗೆ ಹೊಸ ಬಟ್ಟೆ ಹೊದಿಸಿ, ಹಾಸಿಗೆ ಹೊಲಿದುಕೊಡುವ ಅಂಗಡಿ ಅದೊಂದೇ. ಅದರ ಯಜಮಾನನನ್ನು ಎಲ್ಲರೂ ಮೆತ್ತಣ್ಣ ಎನ್ನುತ್ತಿದ್ದರು. ಮೆತ್ತೆ ಹೊಲಿಯುತ್ತಾನೆಂದು ಆ ಹೆಸರು ಬಂತೋ, ಮಾತು ಮೆತ್ತಗೆಂದು ಬಂತೋ ಯಾರಿಗೂ ನೆನಪಿರಲಿಲ್ಲ. ಎರಡೂ ಹೊಂದುತ್ತಿದ್ದವು.

ಊರವರ ಮನೆಗಳ ಒಳಗುಟ್ಟು ಅವನಿಗೆ ಗೊತ್ತಿದ್ದಷ್ಟು ಬೇರೆಯವರಿಗೆ ಗೊತ್ತಿರಲಿಲ್ಲ. ಸೋಫಾದ ಹಳೆಯ ಬಟ್ಟೆ ಕಿತ್ತರೆ ಸಾಕು, ಎಲ್ಲ ಹೊರಗೆ ಬೀಳುತ್ತಿತ್ತು: ಕತ್ತರಿಸಿದ ಉಗುರು, ಕೂದಲ ಉಂಡೆ, ಯಾರೋ ಮೂಗು ಒರೆಸಿ ಸಂದಿಗೆ ತುರುಕಿದ ಕಾಗದ, ಒಣಗಿದ ಇಲಿಮರಿ. ಒಮ್ಮೆ ಒಬ್ಬ ಅಜ್ಜಿಯ ಕಟ್ಟಿಸಿದ ಹಲ್ಲುಗಳ ಸೆಟ್ಟೇ ಸಿಕ್ಕಿತ್ತು. ಅವನು ಅದನ್ನು ತೊಳೆದು, ಕಾಗದದಲ್ಲಿ ಸುತ್ತಿ, ಅಜ್ಜಿಯನ್ನು ಪಕ್ಕಕ್ಕೆ ಕರೆದು ಕೊಟ್ಟ. ಯಾರಿಗೂ ಯಾವತ್ತೂ "ನಿಮ್ಮ ಸೋಫಾ ಗಲೀಜಾಗಿತ್ತು" ಎಂದವನಲ್ಲ. "ತುಂಬಾ ಚೆನ್ನಾಗಿ ಇಟ್ಕೊಂಡಿದ್ದೀರಿ, ಬಟ್ಟೆ ಮಾತ್ರ ಹಳೇದಾಗಿತ್ತು" ಎನ್ನುತ್ತಿದ್ದ. ಗಿರಾಕಿಗಳಿಗೆ ಅವನೆಂದರೆ ಪ್ರಾಣ. ಎಂಥ ಒಳ್ಳೆ ಮನುಷ್ಯ, ಒಂದು ದಿನ ದನಿ ಎತ್ತಿದ್ದು ನೋಡಿಲ್ಲ ಎಂದು ಹೊಗಳುತ್ತಿದ್ದರು. ಆ ಹೊಗಳಿಕೆ ಕೇಳಿದಾಗಲೆಲ್ಲ ಅವನಿಗೆ ಬೆನ್ನು ಸವರಿಸಿಕೊಂಡ ಬೆಕ್ಕಿನ ಸುಖ.

ಹೆಂಡತಿಯ ಅಣ್ಣ ಅಂಗಡಿಗೆ ಬಂದು ಸೇರಿಕೊಂಡದ್ದು ಇಂಥವನ ಹತ್ತಿರ. ಭಾವನಿಗೂ ಹೊಲಿಗೆ ಗೊತ್ತಿತ್ತು. ಕೆಲಸ ಮಾಡುತ್ತಿದ್ದ ಪರದೆ ಅಂಗಡಿ ಮುಚ್ಚಿಹೋಗಿ ಮನೆಯಲ್ಲಿ ಕೂತಿದ್ದ. "ಸುಮ್ನೆ ಕೂತು ಏನು ಮಾಡ್ಲಿ ಅಳಿಯಂದ್ರೇ, ಸ್ವಲ್ಪ ದಿನ ನಿಮ್ಮ ಜೊತೆ ಕೈ ಜೋಡಿಸ್ತೀನಿ" ಎಂದ. ಅತ್ತೆ ಮನೆಯವರೆಲ್ಲ ಕರೆಯುವ ಹಾಗೆ ಅವನೂ ಮೆತ್ತಣ್ಣನನ್ನು ಅಳಿಯಂದ್ರೇ ಎಂದೇ ಕರೆಯುತ್ತಿದ್ದ. ಮೆತ್ತಣ್ಣನಿಗೆ ಬೇಡ ಎನ್ನಲು ಕಾರಣವಿರಲಿಲ್ಲ. ಕಾರಣವಿದ್ದರೂ ಬಾಯಿರಲಿಲ್ಲ. ಹೆಂಡತಿಯ ಹೆರಿಗೆ ಕಷ್ಟವಾದಾಗ ಆಸ್ಪತ್ರೆಯ ಬೆಂಚಿನ ಮೇಲೆ ಊಟ ನಿದ್ದೆ ಬಿಟ್ಟು ಕೂತವನು, ರಕ್ತಕ್ಕಾಗಿ ಓಡಾಡಿದವನು ಈ ಭಾವನೇ.

ಭಾವ ಒಳ್ಳೆಯವನೇ. ಆದರೆ ಅವನ ಅಭ್ಯಾಸಗಳು ಒಳ್ಳೆಯವಲ್ಲ. ಗಂಟಲು ಕೆರೆದು ಕೆರೆದು, ಬಂದದ್ದನ್ನು ಬಾಯೊಳಗೇ ಒಂದು ಸುತ್ತು ಹೊರಳಿಸಿ, ಹಳೆಯ ಫೆವಿಕಾಲ್ ಡಬ್ಬಿಗೆ ಉಗಿಯುತ್ತಿದ್ದ. ಡಬ್ಬಿ ತುಂಬಿದರೂ ಖಾಲಿ ಮಾಡುತ್ತಿರಲಿಲ್ಲ. ಸೋಫಾದ ಮೂಲೆ ಹೊಲಿಯುವ ಬಾಗಿದ ದಪ್ಪ ಸೂಜಿಯಿದೆಯಲ್ಲ, ಅದರ ಹಿಂಭಾಗದಿಂದ ಕಿವಿ ಕೆರೆದು, ಬಂದದ್ದನ್ನು ಕಣ್ಣ ಹತ್ತಿರ ಹಿಡಿದು ನೋಡಿ, ಪ್ಯಾಂಟಿಗೆ ಒರೆಸಿ, ಮತ್ತೆ ಅದೇ ಸೂಜಿಗೆ ದಾರ ಪೋಣಿಸುತ್ತಿದ್ದ. ಯಾರದೋ ಮನೆಯ ಬಿಳಿ ಕುಶನ್ನಿನೊಳಗೆ ಆ ಸೂಜಿ ಇಳಿಯುವಾಗ ಮೆತ್ತಣ್ಣ ಬೀದಿಯ ಕಡೆ ಮುಖ ತಿರುಗಿಸುತ್ತಿದ್ದ.

ಹೇಳಲಾರದೆ ಒಂದು ಉಪಾಯ ಮಾಡಿದ. ಹತ್ತಿ ಸುತ್ತಿದ ಕಿವಿಕಡ್ಡಿಗಳ ಡಬ್ಬಿ ತಂದು ಭಾವನ ಕಣ್ಣಿಗೆ ಬೀಳುವ ಹಾಗೆ ಮೇಜಿನ ಮೇಲಿಟ್ಟ. ಭಾವ ಖುಷಿಯಿಂದ ಬಳಸಿದ. ಬಳಸಿದ ಕಡ್ಡಿಗಳನ್ನು ಕೈಗೆ ಸಿಕ್ಕ ಕುಶನ್ನಿನ ಸ್ಪಂಜಿನೊಳಗೆ ಚುಚ್ಚಿ ಹೊಲಿದುಬಿಡುತ್ತಿದ್ದ. "ಕಸದ ಡಬ್ಬಿಗೆ ಎದ್ದು ಹೋಗೋದು ತಪ್ಪಿತು ನೋಡಿ" ಎಂದು ನಗುತ್ತಿದ್ದ. ಮೆತ್ತಣ್ಣನೂ ನಗುತ್ತಿದ್ದ.

ಇಷ್ಟೇ ಆಗಿದ್ದರೆ ಈ ಕತೆ ಹೇಳುವ ಅಗತ್ಯವಿರಲಿಲ್ಲ.

ಒಂದು ದಿನ ಮಧ್ಯಾಹ್ನ ಮೆತ್ತಣ್ಣ ಊಟ ಮುಗಿಸಿ ಬರುವಷ್ಟರಲ್ಲಿ ಅಂಗಡಿಯ ಹಿಂದಿನ ಕೋಣೆ ತುಂಬ ಗೋಣಿಚೀಲದ ಮೂಟೆಗಳು. ಗುಜರಿಯವನ ಹತ್ತಿರ ಸಿಕ್ಕಿತು ಎಂದು ಭಾವ ಹೆಮ್ಮೆಯಿಂದ ಒಂದು ಮೂಟೆ ಬಿಚ್ಚಿದ. ಒಳಗೆ ಸ್ಪಂಜು. ಯಾವುದೋ ಆಸ್ಪತ್ರೆಯವರು ಹೊರಗೆಸೆದ ಹಾಸಿಗೆಗಳ ಸ್ಪಂಜು. ಮೊದಲು ಬಿಳಿಯಿದ್ದಿರಬೇಕು. ಈಗ ಮಧ್ಯದಲ್ಲಿ ದೊಡ್ಡ ದೊಡ್ಡ ಹಳದಿ ಕಲೆ, ಕಲೆಯ ಅಂಚಿಗೆ ಕಂದು ಗೆರೆ. ವಾಸನೆ ಮೂಗಿಗಿಂತ ಮೊದಲು ಗಂಟಲಿಗೆ ಬಂತು. ಹಳೆಯ ಮೂತ್ರ, ಔಷಧಿ, ಅದರ ಕೆಳಗೆ ಎಲ್ಲೋ ಹುಳಿಯಾದದ್ದು, ಮಲಗಿದಲ್ಲೇ ಮಲಗಿದವರ ಬೆನ್ನಿನದು.

"ಸ್ವಲ್ಪ ವಾಸನೆ ಇದೆ ಅಲ್ವಾ ಭಾವ?" ಎಂದ ಮೆತ್ತಣ್ಣ.

"ಬಿಸಿಲಿಗೆ ಹಾಕಿದ್ರೆ ಹೋಗತ್ತೆ. ಪುಡಿ ಮಾಡಿ ತುಂಬಿ, ಮೇಲೆ ಒಂದು ಪದರ ಹೊಸದು ಹಾಕಿದ್ರೆ ಯಾರಪ್ಪನಿಗೂ ಗೊತ್ತಾಗಲ್ಲ. ಏನಂತೀರಿ?"

"ಹೌದೌದು."

"ಬೇಡ ಅಂದ್ರೆ ಹೇಳಿ ಮತ್ತೆ. ವಾಪಸ್ ಕಳಿಸ್ತೀನಿ."

"ಛೆ ಛೆ, ಬೇಡ ಅಂತ ಯಾಕನ್ಲಿ. ಇಷ್ಟು ಕಷ್ಟಪಟ್ಟು ತಂದಿದ್ದೀರಿ."

ಆ ದಿನದಿಂದ ಮೆತ್ತಣ್ಣ ತನ್ನ ಹೊಲಿಗೆ ಮಿಷನ್ನನ್ನು ಬೀದಿ ಬಾಗಿಲ ಹತ್ತಿರಕ್ಕೆ ಎಳೆದುಕೊಂಡ. ಬೆಳಕು ಚೆನ್ನಾಗಿದೆ ಎಂದ. ಹಿಂದಿನ ಕೋಣೆಯಲ್ಲಿ ಭಾವ ಸ್ಪಂಜು ಚೂರು ಮಾಡುವ ಸದ್ದು ಬಂದಾಗ ರೇಡಿಯೋ ದನಿ ಏರಿಸುತ್ತಿದ್ದ. ಸೋಫಾಗಳು ತಯಾರಾಗಿ ಹೋಗುತ್ತಿದ್ದವು. ಅದರಲ್ಲಿ ಸಂಗೀತದ ಮೇಷ್ಟ್ರ ಮನೆಯ ಉದ್ದ ಸೋಫಾ ಹೋಯಿತು, ಔಷಧಿ ಅಂಗಡಿಯವನ ದಿವಾನ್ ಮಂಚ ಹೋಯಿತು, ಕ್ಷೌರದ ಅಂಗಡಿಯ ಬೆಂಚು ಹೋಯಿತು. ಪ್ರತಿಯೊಂದು ಟೆಂಪೋ ಹೊರಟಾಗಲೂ ನಾಳೆ ಹೇಳೋಣ ಎಂದುಕೊಂಡ. ಅವನ ನಾಳೆಗಳು ಒಂದರ ಮೇಲೊಂದು ಆ ಮೂಟೆಗಳ ಹಾಗೇ ಪೇರಿಕೊಂಡವು.

ಅಂಗನವಾಡಿಯಂಥದ್ದೊಂದನ್ನು ಮನೆಯಲ್ಲೇ ನಡೆಸುತ್ತಿದ್ದ ಒಬ್ಬ ಹೆಂಗಸಿದ್ದಳು. ಕೆಲಸಕ್ಕೆ ಹೋಗುವ ತಾಯಂದಿರು ಬೆಳಿಗ್ಗೆ ಮಕ್ಕಳನ್ನು ಬಿಟ್ಟು ಸಂಜೆ ಕರೆದುಕೊಂಡು ಹೋಗುತ್ತಿದ್ದರು. ಎಲ್ಲರೂ ಅವಳನ್ನು ಟೀಚರಮ್ಮ ಎನ್ನುತ್ತಿದ್ದರು. ಮಕ್ಕಳು ಮಧ್ಯಾಹ್ನ ಮಲಗಲು ಪುಟ್ಟ ಪುಟ್ಟ ಹಾಸಿಗೆ ಬೇಕೆಂದು ಅವಳು ಬಂದಳು. ಮೆತ್ತಣ್ಣ ಇದಕ್ಕೆಂದೇ ಹೊಸ ಸ್ಪಂಜು ತರಿಸಿ, ಬೇರೆಯಾಗಿ ಗೋಡೆಗೆ ಒರಗಿಸಿಟ್ಟ. ಇದು ಮಕ್ಕಳದ್ದು, ಇದರಲ್ಲಿ ಹಳೆಯದು ಸೇರಿಸಬೇಡಿ ಎಂದು ಭಾವನಿಗೆ ಹೇಳಬೇಕಿತ್ತು. "ಭಾವ, ಇದು ಆ ಟೀಚರಮ್ಮನದ್ದು" ಎಂದಷ್ಟೇ ಹೇಳಿದ. ಉಳಿದದ್ದನ್ನು ಭಾವನೇ ಅರ್ಥ ಮಾಡಿಕೊಳ್ಳಲಿ ಎಂದು ಬಿಟ್ಟ.

ಭಾವ ಅರ್ಥ ಮಾಡಿಕೊಂಡದ್ದು ಬೇರೆ. ಮಕ್ಕಳು ಹೇಗೂ ಉಚ್ಚೆ ಹೊಯ್ಯುತ್ತವೆ, ಅವಕ್ಕೆ ಹೊಸ ಸ್ಪಂಜು ಯಾಕೆ ದಂಡ ಎಂದುಕೊಂಡು ಅದನ್ನು ಯಾರದೋ ಮಂಚಕ್ಕೆ ಹಾಕಿ, ಪುಟ್ಟ ಹಾಸಿಗೆಗಳಿಗೆ ಮೂಟೆಯದನ್ನು ತುಂಬಿದ. ಮೆತ್ತಣ್ಣ ನೋಡಿದಾಗ ಎಲ್ಲ ಹೊಲಿದು ಮುಗಿದಿತ್ತು. ಮೇಲೆ ಆನೆ, ಮೊಲದ ಚಿತ್ರವಿದ್ದ ಬಟ್ಟೆ. ಅವನು ಒಂದನ್ನು ಎತ್ತಿ ಮೂಸಿದ. ಮೂಸಿದ್ದು ಭಾವನಿಗೆ ಕಂಡೀತೆಂದು ಕೆನ್ನೆಗೆ ಒತ್ತಿಕೊಂಡವನ ಹಾಗೆ ನಟಿಸಿದ.

"ಮೆತ್ತಗಿದೆ ಅಲ್ವಾ?" ಎಂದ ಭಾವ.

"ಹೌದೌದು."

ಹಾಸಿಗೆಗಳನ್ನು ತಾನೇ ಹೊತ್ತುಕೊಂಡು ಹೋಗಿ ಟೀಚರಮ್ಮನ ಮನೆಯಲ್ಲಿ ಹಾಸಿಕೊಟ್ಟ. ಸುಣ್ಣ ಬಳಿದ ಸ್ವಚ್ಛ ಕೋಣೆ. ಗೋಡೆಯುದ್ದಕ್ಕೂ ಮಕ್ಕಳ ಚಪ್ಪಲಿಗಳು ಜೋಡಿಯಾಗಿ ಕೂತಿದ್ದವು. ಟೀಚರಮ್ಮ ಬಗ್ಗಿ ಒಂದು ಹಾಸಿಗೆಯನ್ನು ತಟ್ಟಿದಳು. ಅವಳ ಮೂಗಿನ ಹೊಳ್ಳೆ ಅರಳಿದ್ದು, ಮುಖ ಒಂದು ಕ್ಷಣ ಹಿಂದಕ್ಕೆ ಸರಿದದ್ದು ಮೆತ್ತಣ್ಣನಿಗೆ ಕಂಡಿತು. ಅವನಿಗೆ ಕಂಡಿತೆಂದು ಅವಳಿಗೂ ಕಂಡಿತು. ಅವಳು ನಕ್ಕಳು.

"ತುಂಬಾ ಚೆನ್ನಾಗಿದೆ. ಎಷ್ಟು ಮುದ್ದಾಗಿ ಮಾಡಿದ್ದೀರಿ."

"ಏನಾದ್ರೂ ಇದ್ರೆ ಸಂಕೋಚ ಇಲ್ದೆ ಹೇಳಿ ಮೇಡಂ."

"ಇಲ್ಲ ಇಲ್ಲ, ಏನಿರತ್ತೆ. ನೀವು ಮಾಡಿದ ಕೆಲಸ ಅಂದ್ಮೇಲೆ."

ಅಬ್ಬ, ಅವಳೇ ಏನೂ ಇಲ್ಲ ಅಂದಳಲ್ಲ ಎಂದು ಅವನು ಹಗುರಾಗಿ ಮನೆಗೆ ನಡೆದ. ಅವನು ಹಾಗೆ ಹಗುರಾದದ್ದೇ ಈ ಕತೆಯಲ್ಲಿ ಎಲ್ಲಕ್ಕಿಂತ ಹೇಸಿಗೆಯ ಸಂಗತಿ.

ಕೆಲವು ವಾರ ಕಳೆದ ಮೇಲೆ, ಖಾಕಿ ಅಂಗಿ ತೊಟ್ಟ ಒಬ್ಬ ಹೆಂಗಸು ಕಂಕುಳಲ್ಲಿ ಒಂದು ಪುಟ್ಟ ಹಾಸಿಗೆ ಇರುಕಿಕೊಂಡು ಅಂಗಡಿಗೆ ಬಂದಳು. ಬಸ್ ಓಡಿಸುವವಳು. ಅವಳ ಮಗಳು ಟೀಚರಮ್ಮನ ಮನೆಗೆ ಹೋಗುತ್ತಿದ್ದಳು. ಬಂದವಳೇ ಮೇಜಿನ ಮೇಲಿದ್ದ ಕತ್ತರಿ ತೆಗೆದು, ಯಾರನ್ನೂ ಕೇಳದೆ, ಹಾಸಿಗೆಯನ್ನು ನೆಲಕ್ಕೆ ಹಾಕಿ ಆನೆ ಮೊಲಗಳ ನಡುವಿನಿಂದ ಉದ್ದಕ್ಕೆ ಸೀಳಿದಳು.

ಹಳದಿ ಚೂರುಗಳು ಚೆಲ್ಲಿದವು. ಅದರೊಳಗೆ ಗಾಯಕ್ಕೆ ಸುತ್ತುವ ಬಟ್ಟೆಯ ಪಟ್ಟಿಯೊಂದು, ಒಣಗಿ ಮರದ ತೊಗಟೆಯಂತಾದದ್ದು, ಅದರಲ್ಲೇ ಅಂಟಿಕೊಂಡ ಬಿಳಿ ಬಿಳಿ ಹುಡಿ. ಒಂದು ಕಿವಿಕಡ್ಡಿ. ಸ್ಪಂಜಿನ ತೂತುಗಳಿಂದ ತಿಗಣೆಗಳು ಬೆಳಕು ಕಂಡು ಅತ್ತಿತ್ತ ಹರಿದವು.

"ನನ್ನ ಮಗಳ ಬೆನ್ನು ನೋಡಿದ್ದೀರಾ?" ಎಂದಳು. "ಕುತ್ತಿಗೆಯಿಂದ ಸೊಂಟದವರೆಗೆ ಗುಳ್ಳೆ. ಕೆರೆದು ಕೆರೆದು ಕೀವಾಗಿದೆ. ಅಂಗಿ ಬಿಚ್ಚಿದ್ರೆ ಚರ್ಮ ಬಟ್ಟೆ ಜೊತೆ ಬರತ್ತೆ. ಅಲ್ಲಿ ಮಲಗೋ ಎಲ್ಲಾ ಮಕ್ಕಳಿಗೂ ಹೀಗೇ ಆಗಿದೆ. ಇದನ್ನ ತುಂಬಿದ್ದು ಯಾರು?"

ಭಾವ ಎದ್ದು ನಿಂತು, "ಸ್ಪಂಜು ಕಂಪನಿಯಿಂದ ಹೀಗೇ ಬಂದಿರತ್ತಮ್ಮ, ನಮಗೇನು ಗೊತ್ತು" ಎಂದ.

ಮೆತ್ತಣ್ಣನ ಬಾಯಿ ತನ್ನಷ್ಟಕ್ಕೆ ತಾನೇ ತೆರೆದುಕೊಂಡಿತು. "ಕೂತ್ಕೊಳ್ಳಿ ಮೇಡಂ. ಬಿಸಿಲಲ್ಲಿ ಬಂದಿದ್ದೀರಿ. ಸ್ವಲ್ಪ ನೀರು ಕುಡೀರಿ" ಎಂದು ಕುರ್ಚಿ ಒರೆಸಿ ಮುಂದಿಟ್ಟ.

ಅವಳು ಕುರ್ಚಿಯನ್ನೂ ಅವನನ್ನೂ ನೋಡಿದಳು. "ನಿಮ್ಮ ಮರ್ಯಾದೆ ನೀವೇ ಇಟ್ಕೊಳ್ಳಿ. ನಾನು ಕೇಳಿದ್ದು ಯಾರು ಅಂತ."

ಅವನು ನೆಲದ ಮೇಲಿನ ಆ ಪಟ್ಟಿಯನ್ನೇ ನೋಡುತ್ತಿದ್ದ. ಯಾರದೋ ಹುಣ್ಣಿನಿಂದ ಬಿಚ್ಚಿದ್ದು, ಒಂದು ಕೂಸಿನ ಬೆನ್ನಿನ ಕೆಳಗೆ ಇಷ್ಟು ದಿನ ಇತ್ತು. ಅದನ್ನು ತಾನೇ ಹೊತ್ತು, ತಾನೇ ಸುಕ್ಕಿಲ್ಲದಂತೆ ಹಾಸಿ ಬಂದಿದ್ದ. ಅವನು ಬಾಗಿಲ ಚೌಕಟ್ಟು ಹಿಡಿದು ಹೊರಗೆ ಹೋಗಿ ಚರಂಡಿಗೆ ವಾಂತಿ ಮಾಡಿಕೊಂಡ. ಬಾಯಿ ಒರೆಸಿಕೊಂಡು ಒಳಗೆ ಬಂದು, "ನಾನೇ. ನಂಗೆ ಗೊತ್ತಿತ್ತು. ಮೊದಲಿಂದ ಗೊತ್ತಿತ್ತು" ಎಂದ.

"ಗೊತ್ತಿದ್ದೂ?"

"ಗೊತ್ತಿದ್ದೂ."

ಅವಳು ಅವನನ್ನು ಬಾಯಿಗೆ ಬಂದ ಹಾಗೆ ಬೈದಳು. ಅಕ್ಕಪಕ್ಕದ ಅಂಗಡಿಯವರು ಬಂದು ನಿಂತರು. ಇಂಥ ಒಳ್ಳೆಯವರಿಗೆ ಹಾಗೆಲ್ಲ ಅನ್ನಬೇಡಿ ಎಂದು ಯಾರೋ ನಡುವೆ ಬಂದರು. ಮೆತ್ತಣ್ಣನೇ ಅವರನ್ನು ಪಕ್ಕಕ್ಕೆ ಸರಿಸಿದ. ಬೈಗುಳ ಮುಗಿದ ಮೇಲೆ ಅವಳು ಸೀಳಿದ ಹಾಸಿಗೆಯನ್ನು ಅಲ್ಲೇ ಬಿಟ್ಟು, ಮಗಳನ್ನು ಡಾಕ್ಟರ ಹತ್ತಿರ ಕರೆದುಕೊಂಡು ಹೋಗಬೇಕೆಂದು ಹೊರಟಳು.

ಬೀದಿ ಖಾಲಿಯಾದ ಮೇಲೆ ಮೆತ್ತಣ್ಣ ಹೇಳಿದ: "ಭಾವ, ನೀವಿನ್ನು ಬರಬೇಡಿ."

ಭಾವ ಅವನ ಮುಖ ನೋಡಿದ. ಅವನಿಗೆ ಸಿಟ್ಟಿಗಿಂತ ಆಶ್ಚರ್ಯವೇ ಹೆಚ್ಚಾಗಿತ್ತು. "ನಾನು ಕೇಳಿದ್ದೆ ಅಳಿಯಂದ್ರೇ. ಬೇಡ ಅಂದ್ರೆ ವಾಪಸ್ ಕಳಿಸ್ತೀನಿ ಅಂದಿದ್ದೆ. ನೀವು ಹೌದೌದು ಅಂದ್ರಿ. ನಿಮ್ಮ ಮುಖ ನೋಡಿ ನಿಮಗಿದು ಇಷ್ಟ ಅಂತಲೇ ತಿಳ್ಕೊಂಡಿದ್ದೆ. ಒಂದ್ಸಲ, ಒಂದೇ ಒಂದ್ಸಲ ಥೂ ಅಂದಿದ್ರೆ ಸುಟ್ಟುಬಿಡ್ತಿದ್ದೆ."

"ನಿಮಗೆ ವಾಸನೆ ಬರ್ತಿರಲಿಲ್ವಾ ಭಾವ?"

"ಬರ್ತಿತ್ತು. ಯಜಮಾನರಿಗೇ ಬರದ ವಾಸನೆ ನನಗ್ಯಾಕೆ ಅಂತ ಸುಮ್ನಿದ್ದೆ."

ಅವನು ಚಪ್ಪಲಿ ಮೆಟ್ಟಿ ಹೋದ. ತನ್ನ ಉಗುಳಿನ ಡಬ್ಬಿಯನ್ನು ಮಾತ್ರ ಅಲ್ಲೇ ಬಿಟ್ಟು ಹೋದ. ಮೆತ್ತಣ್ಣ ಉಸಿರು ಬಿಗಿಹಿಡಿದು ಅದನ್ನು ಚರಂಡಿಗೆ ಸುರಿದ. ತಳದಲ್ಲಿದ್ದದ್ದು ಮುದ್ದೆಯಾಗಿ ಜಾರಿತು.

ಅಲ್ಲಿಂದ ನೇರ ಟೀಚರಮ್ಮನ ಮನೆಗೆ ಹೋದ. ಬಾಗಿಲು ಮುಂದೆ ಹಾಕಿತ್ತು. ಗೋಡೆಯ ಬಳಿ ಚಪ್ಪಲಿಗಳಿರಲಿಲ್ಲ. ಅವಳೊಬ್ಬಳೇ ಒಳಗೆ ಕೂತಿದ್ದಳು. ಹಾಸಿಗೆಗಳು ಮೂಲೆಯಲ್ಲಿ ಅಚ್ಚುಕಟ್ಟಾಗಿ ಪೇರಿಸಿದ್ದವು. ಕೋಣೆ ತುಂಬ ಮಲ್ಲಿಗೆ ಸೆಂಟಿನ ವಾಸನೆ, ಅದರ ಕೆಳಗೆ ಅದೇ ಹುಳಿ.

"ಬನ್ನಿ ಬನ್ನಿ. ನೀವ್ಯಾಕೆ ಬರೋಕೆ ಹೋದ್ರಿ, ಹೇಳಿ ಕಳಿಸಿದ್ರೆ ನಾನೇ ಬರ್ತಿದ್ದೆ" ಎಂದಳು.

"ಆ ದಿನಾನೇ ನಿಮಗೆ ವಾಸನೆ ಬಂತು ಅಲ್ವಾ ಮೇಡಂ?"

"ಬಂತು. ನೀವು ಅಷ್ಟು ಪ್ರೀತಿಯಿಂದ ಹೊತ್ತುಕೊಂಡು ಬಂದಿದ್ರಿ. ಮುಖದ ಮೇಲೆ ಹೇಗೆ ಹೇಳೋದು ಅಂತ. ದಿನಾ ಪೌಡರ್ ಹಾಕ್ತಿದ್ದೆ. ಆಮೇಲೆ ಸೆಂಟು. ಮಕ್ಕಳು ಮಲಗಲ್ಲ ಅಂತ ಅಳೋರು. ಹಾಗೆಲ್ಲ ಅನ್ನಬಾರದು, ಅಂಕಲ್ ಬೇಜಾರು ಮಾಡ್ಕೋತಾರೆ ಅಂತ ಹೇಳಿ ಮಲಗಿಸ್ತಿದ್ದೆ."

ಹೇಳುತ್ತಾ ಅವಳು ನಗುತ್ತಿದ್ದಳು. ಕಣ್ಣಲ್ಲಿ ನೀರಿದ್ದರೂ ತುಟಿ ನಗುತ್ತಲೇ ಇತ್ತು. ಆ ನಗೆ ನೋಡಿ ಮೆತ್ತಣ್ಣನಿಗೆ ಮೈಯೆಲ್ಲ ಜುಮ್ಮೆಂದು ಅಸಹ್ಯವಾಯಿತು. ಇವಳ ತುಟಿಯನ್ನು ಹಿಡಿದು ಕೆಳಗೆಳೆಯಬೇಕು ಅನ್ನಿಸಿತು. ಆಗಲೇ ತನ್ನ ಕೆನ್ನೆಯೂ ಬಿಗಿದುಕೊಂಡು ನೋಯುತ್ತಿರುವುದು ಗೊತ್ತಾಯಿತು. ಅವನೂ ಬಂದಾಗಿನಿಂದ ನಗುತ್ತಲೇ ಇದ್ದ.

"ಬೈಯಿರಿ ಮೇಡಂ" ಎಂದ.

"ಛೆ, ನಿಮಗಾ."

ಅವನು ಹಾಸಿಗೆಗಳನ್ನೆಲ್ಲ ಹೊರಗೆ ಎಳೆದು ತಂದು, ಊರ ಹೊರಗಿನ ಕಸದ ಗುಂಡಿಯಲ್ಲಿ ಸೀಮೆಎಣ್ಣೆ ಹಾಕಿ ಸುಟ್ಟ. ಕಪ್ಪು ಹೊಗೆ ಬಟ್ಟೆಗೆಲ್ಲ ಅಂಟಿಕೊಂಡಿತು.

ಮನೆಯಲ್ಲಿ ಹೆಂಡತಿಗೆ ಎಲ್ಲ ಹೇಳಿದ. ಅಣ್ಣನನ್ನು ಬಿಡಿಸಿದ್ದಕ್ಕೆ ಅವಳು ಕೂಗಾಡುತ್ತಾಳೆಂದುಕೊಂಡಿದ್ದ. ಅವಳು ಪಾತ್ರೆ ತೊಳೆಯುವುದನ್ನು ನಿಲ್ಲಿಸಿ ಕೇಳಿದಳು: "ಸೂಜಿಯಲ್ಲಿ ಕಿವಿ ಕೆರೀತಾನಲ್ಲ, ಅದೂ ನೋಡ್ತಾ ಇದ್ರಾ?"

"ನಿನಗೆ ಗೊತ್ತಿತ್ತಾ?"

"ಚಿಕ್ಕಂದಿನಿಂದ ಹಾಗೇ ರೀ ಅವನು. ನನ್ನ ಬಟ್ಟೆಗೆ ಅವನ ಸೂಜಿ ತಾಗಿಸೋಕೆ ಬಿಟ್ಟಿಲ್ಲ ನಾನು. ಅಂಗಡಿಗೆ ಸೇರಿಸ್ಕೋತೀನಿ ಅಂದಾಗ ಬೇಡ ಅನ್ನೋಣ ಅನ್ಕೊಂಡೆ. ನಿಮಗೆ ಅವನಂದ್ರೆ ಅಷ್ಟು ಗೌರವ, ನಾನ್ಯಾಕೆ ಕೆಡಿಸ್ಲಿ ಅಂತ ಸುಮ್ನಾದೆ." ಅವಳು ಮತ್ತೆ ನಲ್ಲಿ ತಿರುಗಿಸಿದಳು. "ಆ ಮಗುವಿಗೆ ಎಷ್ಟು ವಯಸ್ಸು?"

ಅವನಿಗೆ ಗೊತ್ತಿರಲಿಲ್ಲ. ಕೇಳಿರಲಿಲ್ಲ.

ಮಾರನೆಯ ಬೆಳಿಗ್ಗೆ ಮೂಟೆಯ ಸರಕು ಸೇರಿದ ಸೋಫಾಗಳು ಯಾರ ಯಾರ ಮನೆಗೆ ಹೋಗಿದ್ದವೋ ಅಲ್ಲಿಂದೆಲ್ಲ ಸ್ಪಂಜು ತೆಗೆದು ಸುಡಲು ಮೆತ್ತಣ್ಣ ಹೊರಟ. ಕತ್ತರಿಯನ್ನೂ ಖಾಲಿ ಗೋಣಿಚೀಲಗಳನ್ನೂ ಸೈಕಲ್ಲಿಗೆ ಕಟ್ಟಿಕೊಂಡ. ಕ್ಷೌರದ ಅಂಗಡಿಯವನು ವಿಷಯ ಕೇಳಿ ಕೆಂಡವಾಗಿ, ತಾನೇ ಬೆಂಚನ್ನು ಬೀದಿಗೆ ಎಳೆದು ಬಟ್ಟೆ ಕಿತ್ತ. ಒಳಗಿದ್ದದ್ದನ್ನು ನೋಡಿ ಮೆತ್ತಣ್ಣನ ಕಾಲ ಬಳಿ ಉಗಿದ. ಆ ಉಗುಳಿನಿಂದ ಮೆತ್ತಣ್ಣನಿಗೆ ಒಂದು ಥರದ ಸಮಾಧಾನವೇ ಆಯಿತು. ಔಷಧಿ ಅಂಗಡಿಯವನು ಕೈಗವಸು ಹಾಕಿಕೊಂಡು ದಿವಾನ್ ಮಂಚವನ್ನು ಅಂಗಳಕ್ಕೆ ಸಾಗಿಸಿ, ಇನ್ನು ಈ ಕಡೆ ಬರಬೇಡಿ ಎಂದು ಗೇಟು ಹಾಕಿಕೊಂಡ.

ಕಷ್ಟವಾದದ್ದು ಸಂಗೀತದ ಮೇಷ್ಟ್ರ ಮನೆಯಲ್ಲಿ. ಮೇಷ್ಟ್ರಿಗೆ ವಯಸ್ಸಾಗಿತ್ತು. ಎಂಥ ಅಪಸ್ವರದ ಶಿಷ್ಯನಿಗೂ ಪರವಾಗಿಲ್ಲ ಎನ್ನುವ ಮನುಷ್ಯ. ಪಾಠಕ್ಕೆ ಬಂದ ಮಕ್ಕಳು ಆ ಉದ್ದ ಸೋಫಾದ ಮೇಲೆ ಸಾಲಾಗಿ ಕೂತಿದ್ದರು. ಒಬ್ಬಳು ಹುಡುಗಿ ಮಂಡಿಯ ಹಿಂಭಾಗವನ್ನು ಬಿಡದೆ ಕೆರೆದುಕೊಳ್ಳುತ್ತಿದ್ದಳು. ಮೆತ್ತಣ್ಣ ನಡೆದದ್ದನ್ನು ಮುಚ್ಚುಮರೆಯಿಲ್ಲದೆ ಹೇಳಿದ. ಮೇಷ್ಟ್ರ ಹೆಂಡತಿ ಅವನ ಮಾತು ಮುಗಿಯುವ ಮೊದಲೇ ಒಂದು ಲೋಟ ಶರಬತ್ತು ತಂದು ಕೈಗಿಟ್ಟಳು.

"ನೀವು ಇಷ್ಟು ದೂರ ಬಂದು ಹೇಳಿದ್ರಲ್ಲ, ಅದೇ ದೊಡ್ಡದು" ಎಂದರು ಮೇಷ್ಟ್ರು. "ನಮಗೇನೂ ತೊಂದರೆಯಾಗಿಲ್ಲ. ಬಿಡಿ."

"ಮೇಷ್ಟ್ರೇ, ಒಳಗೆ ಆಸ್ಪತ್ರೆ ಹಾಸಿಗೆ ಇದೆ."

"ಇರ್ಲಿ ಬಿಡಿ. ಹೊರಗೆ ಎಷ್ಟು ಚೆಂದ ಕಾಣತ್ತೆ. ನಿಮ್ಮ ಕೈಕೆಲಸವನ್ನ ನಿಮ್ಮ ಕೈಯಿಂದಲೇ ಹರಿಸೋದಾ? ನಮ್ಮಿಂದ ನೋಡೋಕಾಗಲ್ಲ."

"ಮಕ್ಕಳು ಏಳ್ಲಿ."

"ಶರಬತ್ತು ಕುಡೀರಿ ಮೊದಲು. ಬಿಸಿಯಾಗತ್ತೆ" ಎಂದಳು ಹೆಂಡತಿ.

ಲೋಟ ಅವನ ಕೈಯಲ್ಲಿತ್ತು. ಕುಡಿದು, ಆಯ್ತು ಮೇಷ್ಟ್ರೇ ಎಂದು ಕೈ ಮುಗಿದು ಹೊರಟರೆ ಎಲ್ಲರಿಗೂ ಸಂತೋಷ. ನಾಲಿಗೆಯ ತುದಿಯವರೆಗೆ ಹೌದೌದು ಬಂದು ನಿಂತಿತ್ತು. ಹುಡುಗಿ ಇನ್ನೂ ಕೆರೆದುಕೊಳ್ಳುತ್ತಿದ್ದಳು. ಅವಳ ಉಗುರಿನ ತುದಿ ಕೆಂಪಾಗಿತ್ತು.

ಅವನು ಲೋಟವನ್ನು ಕುಡಿಯದೆ ನೆಲದ ಮೇಲಿಟ್ಟ. "ಏಳಿ" ಎಂದು ಮಕ್ಕಳಿಗೆ ಗದರಿದ. ಅವನ ದನಿ ಅವನಿಗೇ ಹೊಸದಾಗಿತ್ತು, ಒಡೆದು ಬಂತು. ಮಕ್ಕಳು ಧಡಕ್ಕನೆ ಎದ್ದು ಗೋಡೆಗೆ ಒತ್ತಿಕೊಂಡರು. ಮೇಷ್ಟ್ರು ಅಡ್ಡ ಬಂದು ಭುಜ ಹಿಡಿದರು. ಅವನು ಆ ಕೈಯನ್ನು ಕಿತ್ತು ತೆಗೆದು, ಸೋಫಾದ ನಡುವೆ ಕತ್ತರಿ ಇಳಿಸಿ, ಈ ತುದಿಯಿಂದ ಆ ತುದಿಯವರೆಗೆ ಹರಿದ. ಹಳದಿ ಸ್ಪಂಜು ನೆಲಕ್ಕೆ ಸುರಿಯಿತು. ತಿಗಣೆಗಳು ಜಮಖಾನದ ಮೇಲೆ ಚದುರಿದವು. ಒಂದು ಮಗು ಬಾಯಿ ಮುಚ್ಚಿಕೊಂಡು ಹೊರಗೆ ಓಡಿತು.

"ಎಂಥ ಒರಟು ಮನುಷ್ಯ" ಎಂದಳು ಮೇಷ್ಟ್ರ ಹೆಂಡತಿ ಗಂಡನಿಗೆ. "ನಾವು ಎಷ್ಟು ಮರ್ಯಾದೆ ಕೊಟ್ವಿ."

ಮೆತ್ತಣ್ಣ ಒಂದು ಹಿಡಿ ಚೂರು ಎತ್ತಿ ಅವಳ ಮುಖದ ಹತ್ತಿರ ಹಿಡಿದ. "ಮೂಸಿ ನೋಡಿ ಅಮ್ಮ."

ಅವಳು ಕರವಸ್ತ್ರದಿಂದ ಮೂಗು ಬಾಯಿ ಎರಡನ್ನೂ ಬಿಗಿಯಾಗಿ ಮುಚ್ಚಿಕೊಂಡಿದ್ದಳು. ಕಣ್ಣಲ್ಲಿ ನೀರು ಬರುತ್ತಿತ್ತು. ಕರವಸ್ತ್ರದೊಳಗಿನಿಂದಲೇ, ಉಸಿರು ತೆಗೆದುಕೊಳ್ಳದೆ, "ಇಲ್ಲಪ್ಪ, ಅಂಥ ವಾಸನೆಯೇನೂ ಇಲ್ಲ" ಎಂದಳು.

ಅವನು ಮಂಡಿಯೂರಿ ಕೂತು ಸ್ಪಂಜನ್ನು ಚೀಲಕ್ಕೆ ತುಂಬತೊಡಗಿದ. ಕೆರೆದುಕೊಳ್ಳುತ್ತಿದ್ದ ಹುಡುಗಿ ಹತ್ತಿರ ಬಂದು, ಇದು ಕಚ್ಚತ್ತೆ ಅಂತ ನಾನು ಆವತ್ತೇ ಹೇಳಿದ್ದೆ, ಯಾರೂ ಕೇಳಲಿಲ್ಲ ಎಂದಳು.